ದಾಸೋಹದ ಮೊಳೆ

ಗಂಟು ಬಿಚ್ಚುವುದಕ್ಕೆ ಬುದ್ಧಿ ಬೇಕು, ಹಾಕುವುದಕ್ಕೇನು, ಯಾರು ಬೇಕಾದರೂ ಹಾಕುತ್ತಾರೆ ಎಂದು ನಾನು ಬಹಳ ದಿನ ನಂಬಿದ್ದೆ. ಸಾಲದ್ದಕ್ಕೆ, ಇಳಕಲ್ಲಿನ ಸಾಲೆಯಲ್ಲಿ ಸ್ಕೌಟ್ ಹುಡುಗರಿಗೆ ಏಳು ಬಗೆಯ ಗಂಟು ಕಲಿಸುವ ಮಾಸ್ತರನೂ ನಾನೇ ಆಗಿದ್ದೆ. ಪುಸ್ತಕ ನೋಡಿ ಕಲಿಸುತ್ತಿದ್ದೇನೆಂಬುದು ಹುಡುಗರಿಗೆ ಗೊತ್ತಾಗಲಿಲ್ಲ; ನಮ್ಮ ಓಣಿಯ ಬಾವಿಗೆ ಗೊತ್ತಾಯಿತು.

ಒಂದು ಬೆಳಿಗ್ಗೆ ಹೆಂಡತಿಗೆ ಸೊಂಟನೋವೆಂದು ನೀರು ಸೇದಲು ನಾನೇ ಹೋದೆ. ಅದು ಐವತ್ತರ ದಶಕ. ಗಂಡಸು ಕೊಡ ಹಿಡಿದು ಹೊರಟರೆ ಓಣಿಯೆಲ್ಲ ನಿಂತು ನೋಡುತ್ತಿತ್ತು. ಆ ಹುರುಪಿನಲ್ಲಿ ಬಿಗಿದ ಗಂಟು ಅರ್ಧ ಬಾವಿಯಲ್ಲೇ ಬಿಚ್ಚಿಕೊಂಡು, ಹಿತ್ತಾಳೆಯ ಕೊಡ ಗುಳುಂ ಎಂದಿತು. ಅದು ಅವಳಿಗೆ ಅವಳ ತಾಯಿ ಕೊಟ್ಟ ಕೊಡ. ಆ ತಾಯಿ ಹಿಂದಿನ ವರ್ಷವಷ್ಟೇ ತೀರಿಕೊಂಡಿದ್ದರು. ಹೆಂಡತಿ ಜಗಳವಾಡಿದ್ದರೆ ನಾನು ಬದುಕಿಕೊಳ್ಳುತ್ತಿದ್ದೆ. ಅವಳು "ಹೋಗ್ಲಿ ಬಿಡ್ರಿ" ಎಂದಷ್ಟೇ ಹೇಳಿ ಒಲೆಯ ಮುಂದೆ ಹೋಗಿ ಕೂತಳು. ನನಗೆ ನಿಜವಾಗಿಯೂ ಅಳು ಬಂತು.

ಪೇಟೆಯಲ್ಲಿ ಸಂಗಪ್ಪನವರ ಕಬ್ಬಿಣದ ಅಂಗಡಿಯಿತ್ತು. ಒಳಗಿದ್ದ ಸರಕೆಲ್ಲ ಮಾರುವುದಕ್ಕೆ. ಬಾಗಿಲ ಪಕ್ಕದ ಗೇಣುದ್ದದ ಮೊಳೆಗೆ ತೂಗುಹಾಕಿದ್ದ ಪಾತಾಳಗರಡಿ ಮಾತ್ರ ಊರಿಗೆ. ಬಾವಿಗೆ ಬಿದ್ದದ್ದನ್ನು ಎತ್ತುವ ಆ ಕೊಕ್ಕೆಗಳ ಗೊಂಚಲನ್ನು ಬೇಕಾದವರು ಒಯ್ಯುತ್ತಿದ್ದರು, ಕೆಲಸ ಮುಗಿದ ಮೇಲೆ ತಂದು ತೂಗುಹಾಕುತ್ತಿದ್ದರು. ಒಯ್ದವರ ಹೆಸರು ಬರೆದಿಡಬಾರದೇ ಎಂದು ಒಮ್ಮೆ ನಾನು ಬುದ್ಧಿ ಹೇಳಿದ್ದುಂಟು.

"ದಾಸೋಹದಾಗ ಉಂಡವರ ಹೆಸರು ಬರೀತಾರೇನ್ರಿ ಮಾಸ್ತರ? ಇದು ಕಬ್ಬಿಣದ ದಾಸೋಹ ಐತಿ" ಎಂದಿದ್ದರು ಸಂಗಪ್ಪ.

ಅಂದು ಪಾತಾಳಗರಡಿ ಇಳಿಸಿಕೊಡುತ್ತ, "ಹಗ್ಗದ ಗಂಟು ನಾ ಹಾಕಿ ಕೊಡ್ಲೇನ್ರಿ?" ಎಂದು ಕೇಳಿದರು. ನನಗೆ ಸಿಟ್ಟು ಬಂತು. "ಸಾಲ್ಯಾಗ ಗಂಟು ಕಲಿಸಾಂವ ನಾನ ಅದೀನ್ರಿ!" ಎಂದು ಬಿರಬಿರನೆ ನಡೆದೆ. ಕಾಲು ಗಂಟೆಯೊಳಗೆ ಪಾತಾಳಗರಡಿಯೂ ಪಾತಾಳ ಸೇರಿ, ನನ್ನ ಕೈಯಲ್ಲಿ ಬರಿ ಹಗ್ಗ ಉಳಿಯಿತು. ಕೊಡ ಹೋದದ್ದು ನಮ್ಮ ಮನೆಯ ದುಃಖವಾಗಿತ್ತು. ಇನ್ನು ಊರಿನಲ್ಲಿ ಯಾರ ಕೊಡ ಬಿದ್ದರೂ ಪಾಪ ನನ್ನದೇ. ಹುನಗುಂದಕ್ಕೆ ವರ್ಗ ಮಾಡಿಸಿಕೊಂಡು ಹೋಗಿಬಿಡಲೇ ಎಂದೂ ಯೋಚಿಸಿದೆ. ಕೊನೆಗೆ ನಾಚಿಕೆ ಬಿಟ್ಟು ಹೋಗಿ ಹೇಳಿದೆ.

ಸಂಗಪ್ಪ ನಗಲಿಲ್ಲ. ವ್ಯಾಪಾರದ ಹೊತ್ತಿನಲ್ಲೇ ಅಂಗಡಿಯ ಬಾಗಿಲು ಹಾಕಿ, ಮಾರಲು ಇಟ್ಟಿದ್ದ ಹೊಸ ಪಾತಾಳಗರಡಿ ತೆಗೆದುಕೊಂಡು ನನ್ನ ಜೊತೆ ಬಂದರು. ಈ ಸಲ ಗಂಟು ಅವರೇ ಹಾಕಿದರು. ಮೊದಲು ಹಳೆಯ ಪಾತಾಳಗರಡಿ ಬಂತು, ಆಮೇಲೆ ಕೊಡ. ಒಂದು ಮಗ್ಗುಲು ತಗ್ಗು ಬಿದ್ದಿತ್ತು. ಹೆಂಡತಿ ಆ ತಗ್ಗನ್ನು ಸವರಿ, ಕಣ್ಣೊರೆಸಿಕೊಂಡು, "ನಮ್ಮವ್ವ ಇದ್ದಿದ್ರ ಇದನ್ನ ತರ್ಲಿಕ್ಕೆ ನಿಮ್ಮನ್ನ ಬಾವ್ಯಾಗ ಇಳಸ್ತಿದ್ಲು" ಎಂದು ನಕ್ಕಳು. ಆಗ ನನಗೆ ಜೀವ ಬಂತು.

ಹೊಸದನ್ನು ನಾನೇ ಕೊಳ್ಳುತ್ತೇನೆಂದೆ. ಸಂಗಪ್ಪ ಒಪ್ಪಲಿಲ್ಲ. "ದಾಸೋಹಕ್ಕ ಬಂದದ್ದು ತಿರುಗಿ ಅಂಗಡ್ಯಾಗ ಹೋಗೂದಿಲ್ರಿ. ಇರಲಿ, ಒಂದು ಕೊಡ ಎತ್ತಾಕ, ಇನ್ನೊಂದು ಅದನ್ನ ಎತ್ತಾಕ" ಎಂದು ಎರಡನ್ನೂ ಮೊಳೆಗೆ ಹಾಕಿದರು. ಇನ್ನು ಮುಂದೆ ಯಾರೂ ತಮ್ಮ ಹಗ್ಗ ತರುವುದು ಬೇಡವೆಂದು, ತಾವೇ ಗಂಟು ಹಾಕಿದ ಹಗ್ಗವನ್ನೂ ಅವಕ್ಕೆ ಕಟ್ಟಿಟ್ಟರು. ಎಂದೂ ಬಿಚ್ಚದ ಆ ಗಂಟನ್ನು ಇಳಕಲ್ಲಿನ ಜನ ಇಂದಿಗೂ "ಮಾಸ್ತರ ಗಂಟು" ಎನ್ನುತ್ತಾರೆ. ಊರಿಗೆ ನಾನು ಮಾಡಿದ ಸೇವೆ ಅದೊಂದೇ, ಅದನ್ನೂ ಮಾಡಿದವರು ಸಂಗಪ್ಪ.