ಐರ್ಲೆಂಡ್ ಮಾಮಾ

ನಮ್ಮ ಮಾಮಾನನ್ನು ದಾಂಡೇಲಿಯ ಫುಟ್‌ಬಾಲ್ ತಂಡಗಳು ಮ್ಯಾನೇಜರ್ ಪದವಿಯಿಂದ ಎಷ್ಟು ಸಲ ಕಿತ್ತುಹಾಕಿವೆ ಎಂಬುದು ಸ್ವತಃ ಅವನಿಗೇ ನೆನಪಿಲ್ಲ. ಇದರಲ್ಲೇನು ವಿಶೇಷ ಎನ್ನುತ್ತೀರಾ? ಹಾಗೆ ಕಿತ್ತುಹಾಕಿದ ತಂಡಗಳಲ್ಲಿ ಹೆಚ್ಚಿನವನ್ನು ಹುಟ್ಟಿಸಿ, ಹೆಸರಿಟ್ಟು, ಜೆರ್ಸಿ ಹೊಲಿಸಿದವನೂ ಅವನೇ! ತಾನೇ ಕಟ್ಟಿದ ಮನೆಯಿಂದ ತಾನೇ ಹೊರಬೀಳುವ ಈ ಕಲೆ ಎಲ್ಲರಿಗೂ ಒಲಿಯುವಂಥದ್ದಲ್ಲ. ಅದಕ್ಕೆ ನಾಲಿಗೆ ಬೇಕು. ಮಾಮಾನಿಗೆ ಅದು ಇದೆ. ಈ ಗೋಲಿನಲ್ಲಿ ನಿಂತು ಬೈದರೆ ಆ ಗೋಲಿನಲ್ಲಿರುವವನ ಕಿವಿ ಕೆಂಪಾಗಬೇಕು, ಅಷ್ಟು ಉದ್ದದ ನಾಲಿಗೆ.

ಮಾಮಾ ಎಂದರೆ ನನ್ನ ಅವ್ವನ ತಮ್ಮ. ಅಜ್ಜ ಧಾರವಾಡದ ಕಡೆಯ ಹಳ್ಳಿಯಿಂದ ಬಂದು ಇಲ್ಲಿಯ ಕಾಗದದ ಗಿರಣಿಯಲ್ಲಿ ಕೆಲಸ ಹಿಡಿದ. ಮಗನೂ ಅಲ್ಲೇ ಸೇರಿದ. ಆದರೆ ಗಿರಣಿಯೊಳಗೆ ತಾನು ಏನು ಮಾಡುತ್ತೇನೆ ಎಂದು ಮಾಮಾ ಯಾರಿಗೂ ಹೇಳಿದ್ದಿಲ್ಲ. ಅದು ಹೇಳುವಂಥ ಸಂಗತಿ ಎಂದೇ ಅವನಿಗೆ ಅನ್ನಿಸಿರಲಿಲ್ಲ. ಅವನ ಲೆಕ್ಕದಲ್ಲಿ ಅವನ ಕೆಲಸ ಒಂದೇ: ಫುಟ್‌ಬಾಲ್ ತಂಡದಲ್ಲಿ ಗೋಲಿನ ಮುಂದೆ ಎದುರಾಳಿಯನ್ನು ತಡೆಯುವ ಬ್ಯಾಕ್ ಆಗಿ ಆಡುವುದು. ಕನ್ಯೆ ನೋಡಲು ಹೋದಾಗ ಮಾಮಿಯ ಅಪ್ಪ, "ತಾವು ಎಲ್ಲಿ ಇರ್ತೀರಿ?" ಎಂದು ಕೇಳಿದರಂತೆ. ಈತ ಎದೆ ಉಬ್ಬಿಸಿ, "ನಾ ಬ್ಯಾಕಿನ್ಯಾಗ ಇರ್ತೇನ್ರಿ" ಎಂದನಂತೆ. ಆ ಹಿರಿಯರ ಕಿವಿಗೆ ಅದು 'ಬ್ಯಾಂಕಿನ್ಯಾಗ' ಎಂದು ಬಿತ್ತು. ಮಗಳನ್ನು ಕೊಟ್ಟುಬಿಟ್ಟರು! ಇದು ಮೋಸವಲ್ಲವೇ? ಕೇಳಿದರೆ ಮಾಮಾನ ಉತ್ತರ: "ನಾ ಖರೇನ ಹೇಳೇನಿ. ಅವರ ಕಿವಿ ರಿಪೇರಿ ಮಾಡೂದು ನನ್ನ ಕೆಲಸಲ್ಲ!"

ಆಟಗಾರನಾಗಿ ಅವನ ಕತೆ ಮುಗಿದದ್ದು ಹಳಿಯಾಳದ ಒಂದು ಪಂದ್ಯದಲ್ಲಿ. ಚೆಂಡು ಗೆರೆ ದಾಟಿ ಹೊರಗೆ ಉರುಳುತ್ತಿತ್ತು. ಯಾರೂ ಅದರ ಗೊಡವೆಗೆ ಹೋಗಲಿಲ್ಲ. ಮಾಮಾ ಮಾತ್ರ ಹಾರಿದ. ಹಾರಿ, ಗೋಲಿನ ಕಂಬಕ್ಕೆ ಮೊಣಕಾಲು ಬಡಿದುಕೊಂಡು ಬಿದ್ದ. ಅವನ ಜೀವದ ಗೆಳೆಯ, ದಾಂಡೇಲಿಯಲ್ಲಿ ಸ್ಕೂಟರ್ ಗ್ಯಾರೇಜ್ ಇಟ್ಟಿರುವ ಹುಸೇನ್ ಚಾಚಾ, ಅವನನ್ನು ಎತ್ತಿಕೊಂಡು ಆಸ್ಪತ್ರೆಗೆ ಒಯ್ಯುತ್ತ ದಾರಿಯಲ್ಲಿ ಕೇಳಿದರಂತೆ.

"ಬಾಲ್ ಔಟ್ ಹೋಗಾಕತ್ತಿತ್ತಲ್ಲೋ ಭಾಯಿ, ನೀ ಯಾಕ ಹಾರಿದಿ?"

"ಔಟ್ ಹೋಗ್ಲಿ, ನಾ ಬ್ಯಾಡ ಅಂದಿಲ್ಲ. ಆದ್ರ ಅದು ಹೋಗೂ ರೀತಿ ಸರಿ ಇರಲಿಲ್ಲ!"

ಹೇಳಿ, ಇದು ಉತ್ತರವೇ? ಮೊಣಕಾಲು ಮತ್ತೆ ಸರಿಹೋಗಲಿಲ್ಲ. ಅಂದಿನಿಂದ ಕುಂಟುತ್ತ ಗೆರೆಯ ಹೊರಗೆ ನಿಂತ. ಆಡುವಾಗ ಕಾಲಿಗೆ ಇದ್ದ ಕೆಲಸವೆಲ್ಲ ಬಾಯಿಗೆ ಬಂತು. ಮಾಮಾ ಮ್ಯಾನೇಜರ್ ಆದ.

ಬರೀ ಮ್ಯಾನೇಜರ್ ಆಗಿದ್ದರೆ ಹೇಗೋ ಸಹಿಸಬಹುದಿತ್ತು. ಒಂದು ದಿನ ಟೀವಿಯಲ್ಲಿ ಐರ್ಲೆಂಡ್ ದೇಶದ ಯಾರೋ ಒಬ್ಬ ಮ್ಯಾನೇಜರನ್ನು ಕಂಡುಬಿಟ್ಟ. ಆತನೂ ಮೊದಲು ಆಟಗಾರನಂತೆ. ಆತನೂ ಮಂಡಿ ಕೆಡಿಸಿಕೊಂಡವನಂತೆ. ಮಳೆಯಲ್ಲಿ ಪಾದದವರೆಗಿನ ಕೋಟು ತೊಟ್ಟು ನಿಂತು ಇಡೀ ಜಗತ್ತಿನ ಮೇಲೆ ಕೂಗಾಡುತ್ತಿದ್ದನಂತೆ. "ಅವಾ ನಾನ!" ಎಂದ ಮಾಮಾ. ಐರ್ಲೆಂಡ್ ಎಲ್ಲಿದೆ ಎಂದು ಭೂಪಟದಲ್ಲಿ ತೋರಿಸು ಎಂದರೆ ಅವನ ಬೆರಳು ಗೋವಾದ ಆಚೆ ಸಮುದ್ರದಲ್ಲಿ ಎಲ್ಲೋ ಮುಳುಗಾಡುತ್ತದೆ. ಆದರೂ ಮರುವಾರವೇ ಮುಂಡಗೋಡದ ಟಿಬೆಟಿಯನ್ ಕ್ಯಾಂಪಿಗೆ ಹೋಗಿ ಉದ್ದನೆಯ ಉಣ್ಣೆಯ ಕೋಟು ತಂದ. ದಾಂಡೇಲಿಯ ಏಪ್ರಿಲ್ ಬಿಸಿಲು ನಿಮಗೆ ಗೊತ್ತೇ? ಡಾಂಬರು ಮೆತ್ತಗಾಗುವ ಹೊತ್ತು ಅದು. ಆ ಬಿಸಿಲಲ್ಲಿ, ಆ ಕೋಟಿನಲ್ಲಿ, ಆ ಮನುಷ್ಯ! ಊರು ಸುಮ್ಮನಿದ್ದೀತೇ? 'ಐರ್ಲೆಂಡ್' ಎಂದು ಹೆಸರಿಟ್ಟಿತು. ಈಗಲೂ ಬಸ್ ಸ್ಟ್ಯಾಂಡಿನಲ್ಲಿ ಆಟೋ ಹತ್ತಿ "ಐರ್ಲೆಂಡ್" ಎಂದರೆ ಸಾಕು, ನೇರ ಮಾಮಾನ ಮನೆಯ ಮುಂದೆ ಇಳಿಸುತ್ತಾರೆ. ನಾಲ್ಕು ಜನರ ಎದುರು ಆ ಮಾತು ಹೇಳಿ ಆಟೋ ಹತ್ತುವ ನನ್ನ ಪಾಡು ಯಾರಿಗೆ ಹೇಳಲಿ?

ಅದೇ ಕೋಟಿನಲ್ಲಿ ಒಮ್ಮೆ ಮುಂಡಗೋಡದ ಲಾಮಾಗಳ ಮೇಲೆ ಪಂದ್ಯಕ್ಕೆ ಹೋದ. ತರುಣ ಸನ್ಯಾಸಿಗಳು ಕೆಂಪು ವಸ್ತ್ರ ತೆಗೆದಿಟ್ಟು, ಜೆರ್ಸಿ ತೊಟ್ಟು ಆಡಿದರೆಂದರೆ ಗಾಳಿಯ ಹಾಗೆ ಆಡುತ್ತಾರೆ. ನಮ್ಮವನೊಬ್ಬ ಅಡ್ಡಗಾಲು ಹಾಕಿ ಕೆಡವಿದ. ಬಿದ್ದ ಲಾಮಾ ಎದ್ದ, ಮಣ್ಣು ಕೊಡವಿಕೊಂಡ, ಕೆಡವಿದವನ ಬೆನ್ನು ತಟ್ಟಿ ನಕ್ಕ. ಅಷ್ಟೇ, ಮಾಮಾನಿಗೆ ಎಲ್ಲಿಲ್ಲದ ಸಿಟ್ಟು ಬಂತು.

"ರೆಫ್ರೀ! ನಗಾಕತ್ತಾನ ನೋಡ್ರಿ! ಕಾರ್ಡ್ ತಗೀರಿ!"

"ನಗೂದಕ್ಕ ಕಾರ್ಡ್ ಇಲ್ರೀ ಸಾಹೇಬ್ರ."

"ಹಂಗಾರ ನಿಮ್ಮ ಕಾನೂನ ಸರಿ ಇಲ್ಲ! ನಾವು ಇಷ್ಟು ಕಷ್ಟಪಟ್ಟು ಕೆಡವತೇವಿ, ಅವರಿಗೆ ಒಂಚೂರರ ಸಿಟ್ಟು ಬರಬ್ಯಾಡೇನು?"

ರೆಫರಿ ಕಾರ್ಡ್ ತೆಗೆದೇಬಿಟ್ಟ. ತೋರಿಸಿದ್ದು ಮಾಮಾನಿಗೆ! ಹೊರಹಾಕಿಸಿಕೊಂಡು ಮರದ ಕೆಳಗೆ ಬುಸುಗುಡುತ್ತ ಕುಳಿತವನನ್ನು ಒಬ್ಬ ವೃದ್ಧ ಲಾಮಾ ನೋಡಿದರು. ಸುಡುಬಿಸಿಲಲ್ಲಿ ಉಣ್ಣೆಯ ಕೋಟು! ಪಾಪ, ಚಳಿಜ್ವರ ಬಂದಿರಬೇಕೆಂದು ಹಣೆ ಮುಟ್ಟಿ ನೋಡಿ, ಬೆಣ್ಣೆ ಹಾಕಿದ ಬಿಸಿ ಚಹಾ ತಂದುಕೊಟ್ಟರು. ನಮ್ಮ ತಂಡ ಹೀನಾಯವಾಗಿ ಸೋತಿತು. ಟೆಂಪೋದಲ್ಲಿ ಮರಳುವಾಗ ಮಾಮಾ ಕಾರಣವನ್ನೂ ಕಂಡುಹಿಡಿದಿದ್ದ: "ಆ ಚಾದಾಗ ಉಪ್ಪು ಹಾಕಿದ್ರು! ಅದನ್ನ ಕುಡದ ಮ್ಯಾಲ ನನಗ ಬೈಯಾಕ ದನೀನ ಬರಲಿಲ್ಲ. ಸೋಲದ ಏನ್ ಮಾಡ್ಯಾರ?"

ಇನ್ನು ನನ್ನ ಮದುವೆಯ ವಿಷಯ. ಇಲ್ಲಿಂದ ಮುಂದಿನ ಸಿಟ್ಟು ನನ್ನ ಸ್ವಂತದ್ದು. ಫುಟ್‌ಬಾಲ್ ಆಡುವ ಹಳಿಯಾಳದ ಈ ವರನನ್ನು ಹುಡುಕಿ ತಂದವನು ಮಾಮಾ. ಅವ್ವ ಆತಂಕದಿಂದ ಕೇಳಿದಳು.

"ಹುಡುಗ ಹೆಂಗದಾನೋ?"

"ಎಡಗಾಲು ಬಂಗಾರ ಅಕ್ಕಾ, ಬಂಗಾರ!"

"ಮತ್ತ ಗುಣಾ?"

"ಬಲಗಾಲು ಸ್ವಲ್ಪ ವೀಕ್ ಐತಿ. ತಿದ್ದೂಣು."

ಜಾತಕ ನೋಡಿ ಮದುವೆಯಾದವರಿದ್ದಾರೆ, ಮುಖ ನೋಡಿ ಆದವರಿದ್ದಾರೆ. ಎಡಗಾಲು ನೋಡಿ ಕೊಟ್ಟ ಹೆಣ್ಣು ಈ ಜಿಲ್ಲೆಯಲ್ಲಿ ನಾನೊಬ್ಬಳೇ! ಅಲ್ಲಿಗೂ ಮುಗಿಯಲಿಲ್ಲ. ಮದುವೆಯ ಮರುದಿನವೇ ಜೋಯಿಡಾದಲ್ಲಿ ಪಂದ್ಯ. ಕೈಯಲ್ಲಿ ಕಂಕಣ ಕಟ್ಟಿಕೊಂಡಿದ್ದ ಮದುಮಗನನ್ನು ಮಾಮಾ ಟೆಂಪೋ ಹತ್ತಿಸಿದ. ಹೊಸ ಜೋಡಿ ಬಿಟ್ಟಿರಬಾರದೆಂದು ಹಿರಿಯರು ಹೇಳಿದ್ದರಿಂದ ನನ್ನನ್ನೂ ಹತ್ತಿಸಿದ. ಹಸಿರು ಬಳೆ, ಜರಿ ಸೀರೆಯಲ್ಲಿ ನಾನು ಮೈದಾನದ ಅಂಚಿನ ಪ್ಲಾಸ್ಟಿಕ್ ಕುರ್ಚಿಯ ಮೇಲೆ. ಪಕ್ಕದಲ್ಲಿ ಕೊಂಕಣಿ ಹೆಂಗಸರು ಆಟ ಬಿಟ್ಟು ನನ್ನನ್ನೇ ನೋಡುತ್ತಿದ್ದರು. ಅರ್ಧ ಆಟವೂ ಆಗಿರಲಿಲ್ಲ, ಮಾಮಾನ ಕಂಠ ಮೊಳಗಿತು.

"ಏ, ಆ ಅರಿಷಿಣದ ಹುಡುಗನ್ನ ಹೊರಗ ತಗೀರಿ! ಕಾಲು ಇಲ್ಲೈತಿ, ಕಣ್ಣು ಕುರ್ಚಿ ಕಡೆ ಐತಿ!"

ಮೈದಾನವೆಲ್ಲ ಗೊಳ್ಳೆಂದಿತು. ನನಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಹೊಸ ಸೊಸೆ ಎಂಬ ನಾಚಿಕೆಯನ್ನೂ ಮರೆತು ಜಗಳಕ್ಕೆ ನಿಂತೆ: "ಮಾಮಾ, ನಿನ್ನಿ ಗಂಟು ಹಾಕಿಸಿದಾಂವ ನೀನ, ಇವತ್ತ ನಾಕು ಮಂದ್ಯಾಗ ಮರ್ಯಾದಿ ತಗದಾಂವನೂ ನೀನ!"

"ಮದುವಿ ಬ್ಯಾರೆ, ಮ್ಯಾಚ್ ಬ್ಯಾರೆ. ನಿನ್ನ ಮಗ್ಗಲಕ್ಕ ತಂದು ಕೂಡಿಸೇನಲ್ಲ, ಇನ್ನೇನ್ ಬೇಕು ನಿನಗ?"

ಇಷ್ಟೆಲ್ಲ ನಡೆಯುವಾಗ ಮಾಮಿ ಎಲ್ಲಿದ್ದಳು? ಹಿತ್ತಲಲ್ಲಿದ್ದಳು. ಕೆಸರು ಮೆತ್ತಿದ ಜೆರ್ಸಿಗಳನ್ನು ಕಲ್ಲಿಗೆ ಬಡಿಯುತ್ತಿದ್ದಳು. ಗಂಡ ಕಟ್ಟಿದ ಎಲ್ಲ ತಂಡಗಳ ಬಣ್ಣವೂ ಅವಳಿಗೆ ಗೊತ್ತು. ಆಟ ಮಾತ್ರ ಒಂದನ್ನೂ ನೋಡಿದವಳಲ್ಲ. "ಬಾ ಅಂತ ಎಂದೂ ಕರೀಲಿಲ್ಲ, ನಾನೂ ಹೋಗಲಿಲ್ಲ" ಎಂದು ನಗುತ್ತಿದ್ದಳು. ಆ ನಗು ಕಂಡಾಗಲೆಲ್ಲ ನನ್ನ ಮೈ ಉರಿಯುತ್ತಿತ್ತು. ಊರಿನ ಹುಡುಗರ ಕಾಲು ನೋಡಿಕೊಂಡೇ ಆಯುಷ್ಯ ಕಳೆದ ಈ ಮನುಷ್ಯ ಹೆಂಡತಿಯ ಮುಖವನ್ನು ಎಂದಾದರೂ ಸರಿಯಾಗಿ ನೋಡಿದ್ದಾನೆಯೇ?

ಕಳೆದ ಮಳೆಗಾಲದಲ್ಲಿ ಮಾಮಿಗೆ ಲಕ್ವಾ ಹೊಡೆಯಿತು. ದೇಹದ ಬಲಭಾಗ ಸ್ವಾಧೀನ ತಪ್ಪಿತು. ಧಾರವಾಡದ ಆಸ್ಪತ್ರೆಯಿಂದ ಮನೆಗೆ ಬಂದವಳು ಗೋಡೆಯ ಕಡೆ ಮುಖ ಮಾಡಿ ಮಲಗಿದಳು. ದಿನಾ ನಡೆಸಬೇಕು ಎಂದಿದ್ದರು ಡಾಕ್ಟರು. ಅವಳು ಕಾಲು ಕೆಳಗಿಡಲೂ ಒಪ್ಪಲಿಲ್ಲ. ಮಾಮಾ ತಂಡದವರ ಬಳಿ ಹೋಗಿ, "ನಾ ಬಿಟ್ಟೆ. ಬ್ಯಾರೆ ಮ್ಯಾನೇಜರ್ ನೋಡ್ಕೋರಿ" ಎಂದನಂತೆ. ಹುಡುಗರು ಗಾಬರಿಯಾಗಿ, "ಸರ್, ನಾವು ಈ ಸಲ ಇನ್ನೂ ನಿಮ್ಮನ್ನ ತಗದೇ ಇಲ್ಲಲ್ರಿ!" ಎಂದರಂತೆ.

ಪರವಾಗಿಲ್ಲ, ಈಗಲಾದರೂ ಬುದ್ಧಿ ಬಂತಲ್ಲ ಎಂದುಕೊಂಡೆ. ಚಳಿ ಶುರುವಾಗುವ ಹೊತ್ತಿಗೆ ಹುಸೇನ್ ಚಾಚಾರ ಫೋನು ಬಂತು.

"ಬೇಟಾ, ನೀ ಒಮ್ಮೆ ಬಂದು ಹೋಗವಾ. ನಿಮ್ಮ ಮಾಮಾ ಪೂರಾ ಪಾಗಲ್ ಆಗ್ಯಾನ. ದಿನಾ ಮುಂಜಾನಿ ಭಾಭೀನ ಗ್ರೌಂಡಿಗೆ ಕರ್ಕೊಂಡು ಹೋಗಿ ಬೈತಾನ. ನಾ ಹೇಳಿದ್ರ ಕೇಳೂದಿಲ್ಲ."

ಬೈಯುತ್ತಾನೆ! ಲಕ್ವಾ ಹೊಡೆದ ಹೆಂಡತಿಯನ್ನು, ಮೈದಾನದಲ್ಲಿ ನಿಲ್ಲಿಸಿ! ಹಳಿಯಾಳದಿಂದ ಮೊದಲ ಬಸ್ಸು ಹಿಡಿದೆ. ದಾರಿಯುದ್ದಕ್ಕೂ ಆಡಬೇಕಾದ ಮಾತನ್ನು ಮಸೆಯುತ್ತ ಬಂದೆ. ಮಾಮಿಯನ್ನು ಇಂದೇ ನನ್ನ ಮನೆಗೆ ಕರೆದೊಯ್ಯುವುದೆಂದೂ ನಿಶ್ಚಯಿಸಿದೆ.

ಮೈದಾನದಲ್ಲಿ ಮಂಜು ಇನ್ನೂ ಕರಗಿರಲಿಲ್ಲ. ನಡುವೆ ಮಾಮಿ, ಎಡಗೈಯಲ್ಲಿ ಕೋಲು. ಅವಳ ಮುಂದೆ ಹಿಮ್ಮುಖವಾಗಿ ಕುಂಟುತ್ತ, ಎರಡೂ ಕೈ ಚಾಚಿಕೊಂಡು ಮಾಮಾ.

"ಎತ್ತು ಕಾಲು! ಎಳೀಬ್ಯಾಡ, ಎತ್ತು! ನೆಲಾ ಏನ್ ನಿಮ್ಮಪ್ಪಂದೇನು ಗೀಚಾಕ? ಬಲಗಾಲು, ಬಲಗಾಲು!"

ನಾನು ಓಡಿಹೋಗಿ ಮಾಮಿಯ ತೋಳು ಹಿಡಿದೆ. "ನಡಿ ಮಾಮಿ, ನಮ್ಮ ಮನಿಗೆ ಹೋಗೂಣು. ಈ ಮನುಷ್ಯಾಗ ಮನಸ್ಸನ್ನೂದ ಇಲ್ಲ!"

ಮಾಮಿ ನನ್ನ ಕೈಯನ್ನು ಮೆಲ್ಲಗೆ ಬಿಡಿಸಿದಳು. ಮಾತು ಇನ್ನೂ ತೊದಲುತ್ತಿತ್ತು.

"ಬಿಡವಾ. ಆಸ್ಪತ್ರಿಯಿಂದ ಬಂದ ಮ್ಯಾಲ ಎಲ್ಲಾರೂ ನನ್ನ ಮುಂದ ಸಣ್ಣ ದನೀಲೆ ಮಾತಾಡಾಕ ಹತ್ತಿದ್ರು. ಸತ್ತವರ ಮನ್ಯಾಗ ಮಾತಾಡಿದ್ಹಂಗ. ಇವರೊಬ್ಬರ ಬೈದ್ರು. ಬೈಸ್ಕೊಂಡ ಮ್ಯಾಲ ಅನಿಸ್ತು, ನಾ ಇನ್ನೂ ಆಟದಾಗ ಅದೀನಿ ಅಂತ."

ಹಾಗೆಂದು ಮತ್ತೆ ಹೆಜ್ಜೆ ಎತ್ತಿದಳು. ಅಷ್ಟರಲ್ಲಿ ಅಭ್ಯಾಸಕ್ಕೆ ಬಂದು ಅಂಚಿನಲ್ಲಿ ಕಾಯುತ್ತಿದ್ದ ತಂಡದವನೊಬ್ಬ, "ಸರ್, ನಮ್ಮ ಟೈಮ್ ಆತ್ರೀ" ಎಂದು ಕೂಗಿದ.

"ಸುಮ್ಮನ ನಿಂದರ್ರಿ!" ಮಾಮಾ ಗುಡುಗಿದ. "ನನ್ನ ಪ್ಲೇಯರ್ ಇನ್ನೂ ಆಡಾಕತ್ತಾಳ!"

ಹುಡುಗರೆಲ್ಲ ಗೆರೆಯ ಹೊರಗೆ ಸರಿದರು. ಮಾಮಿ ನಿಂತು ನಿಂತು, ಉಸಿರು ಹಿಡಿದು, ಕಡೆಗೆ ಗೋಲಿನ ಕಂಬದ ತನಕ ಹೋದಳು. ಹೋಗಿ ಕಂಬವನ್ನು ಅಪ್ಪಿ ಹಿಡಿದಳು. ಮಾಮಾ ಬಾಯಿ ತೆರೆದ. ಇನ್ನೇನು ಬೈಯುತ್ತಾನೋ ಎಂದು ನಾನು ಹಲ್ಲು ಕಚ್ಚಿದೆ. ಆದರೆ ಅವನು ಸಟ್ಟನೆ ನಮಗೆ ಬೆನ್ನು ತಿರುಗಿಸಿ, ಗಿರಣಿಯ ಹೊಗೆಯ ಕಡೆ ಮುಖ ಮಾಡಿ ನಿಂತುಬಿಟ್ಟ.

ಮಾಮಿ ಕಂಬ ಬಿಡದೆ ಪಿಸುದನಿಯಲ್ಲಿ ಕೇಳಿದಳು: "ನನಗ ತಿರಗಿ ನೋಡಾಕ ಆಗೂದಿಲ್ಲ. ಅಳಾಕತ್ತಾರೇನು ನೋಡಿ ಹೇಳವಾ."

"ಇಲ್ಲ ಮಾಮಿ," ಎಂದೆ, "ಬೆವರು ಒರಸ್ಕೊಳ್ಳಾಕತ್ತಾನ."

ಬಾಯಿ ತೆರೆದರೆ ಆವಿ ಏಳುವ ಆ ಚಳಿಯಲ್ಲಿ ಬೆವರಂತೆ! ಮಾಮಿ ನಂಬಿದಳು. ಇಲ್ಲವೇ, ನಂಬಿದವಳ ಹಾಗೆ ತಲೆಯಾಡಿಸಿ, ಕಣ್ಣೊರೆಸಿಕೊಳ್ಳುವಷ್ಟು ಹೊತ್ತು ಅವನನ್ನು ಅವನ ಪಾಡಿಗೆ ಬಿಟ್ಟಳು.