ಕೊನೆಯ ಹೆಸರು ಬರುವವರೆಗೆ ಏಳಬಾರದು

ಕರೆಂಟು ಹೋಗಬಹುದಿತ್ತು. ನೆಟ್ಟು ಕೈಕೊಡಬಹುದಿತ್ತು. ಓಟಿಪಿ ಬಾರದೆ ಇರಬಹುದಿತ್ತು; ಬಂದರೂ ಮಾವ ಅದನ್ನು ಓಣಿಗೆಲ್ಲ ಕೇಳುವಂತೆ ಓದಿಬಿಡಬಹುದಿತ್ತು. ಲಿಂಗಸುಗೂರಿನಲ್ಲಿ ನಾನು ಹತ್ತಿದ ಬಸ್ಸು ಮಸ್ಕಿಯಲ್ಲೇ ಕೆಟ್ಟು ನಿಲ್ಲಬಹುದಿತ್ತು. ಇಷ್ಟೆಲ್ಲ ಚಿಂತೆ ಯಾಕೆಂದರೆ, ಸಿಂಧನೂರಿನ ನನ್ನ ಸೋದರಮಾವ ಮನೆಯ ಟೀವಿಯಲ್ಲಿ ಒಂದು ಸಿನಿಮಾವನ್ನು ದುಡ್ಡು ಕೊಟ್ಟು ನೋಡಲು ಹೊರಟಿದ್ದರು! ಇಡೀ ತಾಲೂಕಿನಲ್ಲಿ ಇಂಥ ಇನ್ನೊಬ್ಬರಿದ್ದರೆ ತೋರಿಸಿ.

ಟಾಕೀಸಿನಲ್ಲಿ ಸಿನಿಮಾ ಮುಗಿದು ಎಲ್ಲರೂ ಚಪ್ಪಲಿ ಹುಡುಕುವಾಗ ಮಾವ ಮಾತ್ರ ಕುಳಿತು, ತೆರೆಯ ಮೇಲೆ ಏರುವ ಹೆಸರುಗಳನ್ನು ಗಟ್ಟಿಯಾಗಿ ಓದುತ್ತಾರೆ. ಕಸ ಗುಡಿಸುವವನು "ಏಳ್ರಿ ಯಜಮಾನ್ರ" ಎಂದರೆ, "ತಡಿಯಪಾ, ಇನ್ನಾ ಅಡಿಗಿಯವರ ಹೆಸರು ಬಂದಿಲ್ಲ" ಎನ್ನುತ್ತಾರೆ.

ಹೀಗೆ ಊರವರ ಹೆಸರನ್ನೆಲ್ಲ ಓದುವ ಮನುಷ್ಯ ಬಾಯಿಬಿಟ್ಟು ಹೇಳದ ಹೆಸರು ಒಂದೇ: ಹೆಂಡತಿಯದು. ಮದುವೆಯ ದಿನ ಹೆಂಗಸರು ಬಾಗಿಲು ತಡೆದಾಗ ಒಡಪಿನ ಪದ್ಯದಲ್ಲಿ ಸೇರಿಸಿ ಹೇಳಿದ್ದೇ ಕೊನೆ. ಆಮೇಲೆಲ್ಲ "ಏ, ಕೇಳಿಲ್ಲಿ!" ಅಷ್ಟೇ. ರೇಷನ್ ಕಾರ್ಡಿನವರು ಕೇಳಿದಾಗಲೂ "ಆಕಿನ್ನs ಕೇಳ್ರಿ" ಎಂದು ಅತ್ತೆಯನ್ನು ಮುಂದೆ ತಳ್ಳಿದವರು!

ಮಾವ ನೋಡಲು ಹೊರಟಿದ್ದ ಆ ಸಿನಿಮಾ ತಯಾರಾದದ್ದು ಅವರ ಮನೆಯ ಹಿಂದಿನ, ಬೀಗ ಬಿದ್ದ ಅಕ್ಕಿ ಮಿಲ್ಲಿನಲ್ಲಿ. ಕೃತಕ ಬುದ್ಧಿಯ ಯಂತ್ರವೊಂದು ಲೋಕವನ್ನೇ ಆಳುವ ಕಥೆ; ಬಜೆಟ್ಟು ಮಾತ್ರ ಮಿಲ್ಲಿನ ಕಾಂಪೌಂಡು ದಾಟಿರಲಿಲ್ಲ. ತಂಡಕ್ಕೆಲ್ಲ ರೊಟ್ಟಿ ಬಡಿದು ಹಾಕಿದವರು ಅತ್ತೆ. "ಕೊನಿಗೆ ನಿಮ್ಮ ಹೆಸರು ಹಾಕ್ತೀವವ್ವಾ" ಎಂದು ಸಿನಿಮಾದವರು ಹೇಳಿ ಹೋಗಿದ್ದರು. "ರೊಟ್ಟಿ ತಿಂದವರು ಎಲ್ಲಾರೂ ಹಂಗs ಅಂತಾರ" ಎಂದು ಅತ್ತೆ ನಕ್ಕುಬಿಟ್ಟಿದ್ದರು. ಮಾವ ನಂಬಿದ್ದರು.

ನಾನೋ, ಮಾವನ ದುಡ್ಡು ಉಳಿಸೋಣವೆಂದು ಗೆಳೆಯ ಕಳಿಸಿದ ಪುಕ್ಕಟೆ ಕಾಪಿ ಹಿಡಿದು ಹೋಗಿದ್ದೆ. ಮಾವ ಮೊದಲು ಅದರ ಬಾಲ ನೋಡಿದರು. ಕಾಪಿ ಮಾಡಿದವರು ಹೆಸರುಗಳನ್ನೇ ಕತ್ತರಿಸಿದ್ದರು!

"ಲೇ ಅಳಿಯಾ, ಇದು ಉಂಡು ಕೈ ತೊಳೀದs ಓಡಿ ಹೋದಂಗ. ರೊಕ್ಕ ಕೊಟ್ಟs ನೋಡಾಣ."

ನೋಡುವವರು ಇಬ್ಬರೆಂದು ಎರಡು ಫೋನಿನಲ್ಲಿ ಎರಡು ಸಲ ರೊಕ್ಕ ಕಟ್ಟಿಸಿದರು. ನನ್ನದು? "ನೀ ರಿಮೋಟಿನಾಂವ. ನಿನಗ ಪಾಸು."

ಸಿನಿಮಾ ಶುರುವಾಗಿ, ಮಿಲ್ಲಿಗೆ ಭತ್ತ ಸುರಿಯುವ ತಗಡಿನ ಹಾಪರಿನೊಳಗಿಂದ ಯಂತ್ರ ಗುಡುಗಿತು: "ನನಗೆ ಎಲ್ಲವೂ ಗೊತ್ತು!"

"ಹಂಗಾರ ಇವತ್ತಿನ ಭತ್ತದ ರೇಟ್ ಹೇಳಲೇ!" ಎಂದರು ಮಾವ.

"ಸುಮ್ನ ಕುಂದ್ರಿ, ಸಿಟ್ಟಾಗಿ ನಿಂತುಗಿಂತೀತು" ಎಂದರು ಅತ್ತೆ.

ನಿಲ್ಲಲಿಲ್ಲ. ಕರೆಂಟೂ ಹೋಗಲಿಲ್ಲ. ಯಂತ್ರ ಸತ್ತು ಲೋಕ ಉಳಿದು ಹೆಸರುಗಳು ಏರತೊಡಗಿದವು. ಮಾವ ಒಂದೊಂದೇ ಓದುತ್ತ ಬಂದರು. ಅಷ್ಟರಲ್ಲಿ ಟೀವಿಯ ಆ್ಯಪು, ಯಾರನ್ನೂ ಕೇಳದೆ, ಮುಂದಿನ ಸಿನಿಮಾ ತೋರಿಸುವ ಆತುರದಲ್ಲಿ ಹೆಸರುಗಳನ್ನೆಲ್ಲ ಮೂಲೆಗೊತ್ತಿ ಬೆಂಕಿಪೊಟ್ಟಣದಷ್ಟು ಮಾಡಿಬಿಟ್ಟಿತು! ಚಿಂತೆಯಲ್ಲಿ ಪಳಗಿದ ನನಗೂ ಹೊಳೆಯದಿದ್ದ ಅನಾಹುತ. ಗಾಬರಿಯಲ್ಲಿ ಯಾವುದೋ ಗುಂಡಿ ಒತ್ತಿದೆ. ಹೆಸರುಗಳು ನಿಂತವು, ಅಷ್ಟೇ ಸಣ್ಣದಾಗಿ.

"ಬಂತೇನ್ರೀ? ನನ್ನ ಕಣ್ಣಿಗೆ ಕಾಣವಲ್ದು" ಎಂದರು ಅತ್ತೆ.

ಮಾವ ಎದ್ದು, ಟೀವಿಗೆ ಮೂಗು ತಾಗುವಷ್ಟು ಬಗ್ಗಿದರು. "ಬಂದೈತಿ."

"ಏನಂತ ಬರದಾರ?"

ಮಾವ ನನ್ನತ್ತ ನೋಡಿದರು. ನಾನು ಕನ್ನಡಕ ಒರೆಸಿಕೊಳ್ಳತೊಡಗಿದೆ. ಅವರು ಕೆಮ್ಮಿದರು.

"ಊಟದ ವ್ಯವಸ್ಥೆ..." ಎಂದು ತಡೆದರು. ಆಮೇಲೆ ಮೆಲ್ಲಗೆ, "ನೀಲಮ್ಮ."

ಅತ್ತೆ ಸೆರಗನ್ನು ಬಾಯಿಗೆ ಒತ್ತಿಕೊಂಡರು. ಅದನ್ನು ಸರಿಸಿ ಅಂದರು:

"ಕೇಳ್ಸಲಿಲ್ಲ. ಇನ್ನೊಮ್ಮಿ ಓದ್ರಿ."