ದ್ರಾಕ್ಷಿ ತೋಟದ ಸ್ಥಳ ಪಂಚನಾಮೆ

ಸ್ಥಳವನ್ನು ಕಣ್ಣಾರೆ ನೋಡದೆ ಪಂಚನಾಮೆ ಬರೆಯಬಾರದು ಎಂಬುದು ನನ್ನ ಸರಕಾರಿ ನೌಕರಿಯುದ್ದಕ್ಕೂ ನಾನು ಪಾಲಿಸಿದ ಏಕಮಾತ್ರ ತತ್ವ. ಉಳಿದ ತತ್ವಗಳನ್ನು ಬೇರೆಯವರು ಪಾಲಿಸಲಿ ಎಂದು ಉದಾರವಾಗಿ ಬಿಟ್ಟುಕೊಟ್ಟಿದ್ದೆ. ಕಾಗದದ ಮೇಲೆ ನನ್ನ ಹುದ್ದೆಯ ಹೆಸರು ಕಂದಾಯ ನಿರೀಕ್ಷಕ. ಜನರ ಬಾಯಲ್ಲಿ ಸರ್ಕಲ್ ಸಾಹೇಬ. ಹಾನಗಲ್ಲ, ಸವಣೂರು, ಹಿರೇಕೆರೂರು ಎಂದು ತಾಲೂಕಿನಿಂದ ತಾಲೂಕಿಗೆ ವರ್ಗವಾಗುತ್ತ ಕೊನೆಗೆ ಶಿಗ್ಗಾಂವದಲ್ಲಿ ನಿವೃತ್ತನಾಗಿ, ಇನ್ನು ಯಾರೂ ವರ್ಗ ಮಾಡಲಾರರು ಎಂಬ ಧೈರ್ಯದಿಂದ ಅಲ್ಲೇ ಮನೆ ಕಟ್ಟಿಕೊಂಡೆ. ನಿವೃತ್ತನಾದ ಮೇಲೂ ತತ್ವ ಮಾತ್ರ ನನ್ನನ್ನು ಬಿಡಲಿಲ್ಲ. ಅದು ಬಿಟ್ಟಿದ್ದರೆ, ಒಂದು ಆದಿತ್ಯವಾರ ಮಧ್ಯಾಹ್ನ ನನ್ನ ಮನೆಯ ಪಡಸಾಲೆಯಲ್ಲಿ ನಾನು ಆ ಸ್ಥಿತಿಯಲ್ಲಿ ಮಲಗಿರುತ್ತಿರಲಿಲ್ಲ.

ನಮ್ಮ ಕಡೆ ಹೆಣ್ಣು ಕೊಡುವ ಮುಂಚೆ ಗಂಡಿನ ಬಗ್ಗೆ ನಡೆಯುವ ವಿಚಾರಣೆ ಪೊಲೀಸ್ ಇಲಾಖೆಗೆ ಮೇಲ್ಪಂಕ್ತಿಯಾಗುವಂಥದು. ಹುಡುಗನ ಓಣಿಗೆ ಹೋಗಿ ಕಿರಾಣಿ ಅಂಗಡಿಯಲ್ಲಿ ನಿಂತು ಬೇಡದ ಬೆಲ್ಲ ಕೊಳ್ಳಬೇಕು. ಹಿಟ್ಟಿನ ಗಿರಣಿಯಲ್ಲಿ ಕುಳಿತು ಮೈತುಂಬ ಹಿಟ್ಟು ಮೆತ್ತಿಸಿಕೊಳ್ಳಬೇಕು. ಕ್ಷೌರದಂಗಡಿಯಲ್ಲಿ ಅಗತ್ಯವಿಲ್ಲದಿದ್ದರೂ ತಲೆ ಒಪ್ಪಿಸಬೇಕು. ಮುಖ್ಯವಾಗಿ, ತಾನು ಯಾರೆಂದು ಹೇಳಬಾರದು. ಈ ಗುಪ್ತ ಕಾರ್ಯ ಪರಂಪರೆಯಿಂದ ಹುಡುಗಿಯ ಸೋದರಮಾವನ ಪಾಲಿಗೆ ಬರುತ್ತದೆ. ನನ್ನ ಅಕ್ಕ ಇರುವುದು ಹಾನಗಲ್ಲದಲ್ಲಿ. ಅವಳ ಮಗಳು ಶೈಲಾ ಹಿರೇಕೆರೂರಿನಲ್ಲಿ ಬೀಜದ ಕಂಪನಿಯೊಂದರ ಪ್ರಯೋಗಶಾಲೆಯಲ್ಲಿ ಕೆಲಸ ಮಾಡುತ್ತಾಳೆ. ಇದುವರೆಗೆ ನಾಲ್ಕು ಗಂಡುಗಳನ್ನು, ಮೊಳಕೆ ಬಾರದ ಬೀಜದ ಹಾಗೆ, ಒಂದು ಮಾತೂ ಆಡದೆ ಬದಿಗೆ ಸರಿಸಿದವಳು ಐದನೆಯದರ ಫೋಟೋ ನೋಡಿ "ಇದು ಆಗಬಹುದು" ಎಂದಿದ್ದಳು. ಹುಡುಗ ಮಹಾಂತೇಶ, ಸವಣೂರಿನವನು, ತೋಟಗಾರಿಕೆ ಓದಿದವನು. ಬಯೋಡಾಟಾದಲ್ಲಿ ಉದ್ಯೋಗದ ಮುಂದೆ 'ಹಣ್ಣು ಸಂಸ್ಕರಣೆ' ಎಂದಿತ್ತು. ಉಪ್ಪಿನಕಾಯಿ, ಜಾಮು ಇರಬೇಕೆಂದು ಅಕ್ಕ ಸಂತೋಷಪಟ್ಟಳು. ಆ ಹಣ್ಣು ದ್ರಾಕ್ಷಿ, ಆ ಸಂಸ್ಕರಣೆ ವೈನು ಎಂಬ ಸಂಗತಿ ಹೊರಬಿದ್ದ ದಿನ ಅವಳು ನನಗೆ ಫೋನು ಮಾಡಿದಳು.

"ತಮ್ಮಾ, ಸೆರೆ ಮಾಡಾಂವಗ ಹೆಣ್ಣ ಕೊಡೂದೇನೋ?"

"ಸೆರೆ ಅಲ್ಲಬೇ, ವೈನು. ದ್ರಾಕ್ಷಿ ರಸ."

"ರಸ ಕುಡದ್ರ ಮಂದಿ ಗಟಾರದಾಗ ಬೀಳತಾರೇನು? ಮಾಡಾಂವ ಕುಡೀಲಾರದ ಇರತಾನೇನು? ಹೋಳಗಿ ಮಾಡೋಮುಂದ ನಾ ಹೂರಣಾ ತಿನ್ನದ ಇರತೇನೇನು? ನೀ ಹೋಗಿ ನೋಡಿ ಬಾ. ಅಂವ ಕುಡೀತಾನ ಅಂದ್ರ ಇದು ಇಲ್ಲಿಗೇ ಮುಗೀತು."

ಅಂದರೆ ಆ ಮದುವೆಯ ಭವಿಷ್ಯವೆಲ್ಲ ನನ್ನ ವರದಿಯ ಮೇಲೆ ನಿಂತಿತು. ಅಂದೇ ಸಂಜೆ ಶೈಲಾ ಕೂಡ ಫೋನು ಮಾಡಿದಳು. ಅವಳು ಉದ್ದ ಮಾತಿನವಳಲ್ಲ. "ಮಾಮಾ, ನೀವು ಕಣ್ಣೀಲೆ ನೋಡಿದ್ದಷ್ಟ ಹೇಳ್ರಿ. ಅನಿಸಿದ್ದು ಹೇಳಬ್ಯಾಡ್ರಿ" ಎಂದಳು. ನನ್ನ ಮೇಲಧಿಕಾರಿಗಳು ಯಾರೂ ಇಷ್ಟು ಸ್ಪಷ್ಟವಾದ ಆದೇಶ ಕೊಟ್ಟಿರಲಿಲ್ಲ.

ವೈನ್ ತಯಾರಾಗುವ ತೋಟವಿದ್ದದ್ದು ಶಿಗ್ಗಾಂವದಿಂದ ಹಾನಗಲ್ಲ ದಿಕ್ಕಿಗೆ ತಿರುಗಿದರೆ ಸಿಗುವ ಒಂದು ದಿಬ್ಬದ ಮೇಲೆ. ನಮ್ಮ ಮನೆಯಿಂದ ಮೋಟರ್‌ಸೈಕಲ್ಲಿನಲ್ಲಿ ಹೋದರೆ ಅರ್ಧ ತಾಸು. ಆದರೆ ಸುಮ್ಮನೆ ಹೋದವರನ್ನು ಒಳಗೆ ಬಿಡುವುದಿಲ್ಲ. ಹುಬ್ಬಳ್ಳಿಯಿಂದ ಪ್ರತಿ ಆದಿತ್ಯವಾರ ಅರ್ಧ ದಿನದ ಪ್ರವಾಸವೊಂದು ಹೊರಡುತ್ತದೆ. ತೋಟ ತೋರಿಸಿ, ಐದು ಬಗೆಯ ವೈನಿನ ರುಚಿ ತೋರಿಸಿ, ಊಟದ ಹೊತ್ತಿಗೆ ವಾಪಸು ತಂದು ಬಿಡುತ್ತಾರೆ. ಹತ್ತುವುದು ಹುಬ್ಬಳ್ಳಿಯಲ್ಲೇ ಹತ್ತಬೇಕು ಎಂಬುದು ನಿಯಮ. ನಿಯಮವೆಂದರೆ ನನಗೆ ಮೊದಲಿನಿಂದಲೂ ಭಕ್ತಿ. ಹೀಗಾಗಿ ನಸುಕಿನಲ್ಲೆದ್ದು ಸ್ನಾನ ಮಾಡಿ, ವಿಭೂತಿ ಹಚ್ಚಿಕೊಂಡು, ಮತ್ತೆ ವೇಷಾಂತರದ ದೃಷ್ಟಿಯಿಂದ ಅದನ್ನು ಅರ್ಧ ಒರೆಸಿಕೊಂಡು, ಕೆಂಪು ಬಸ್ಸು ಹಿಡಿದು ಹುಬ್ಬಳ್ಳಿಗೆ ಹೋದೆ. ಅಲ್ಲಿ ವ್ಯಾನು ಹತ್ತಿ, ಹೋದ ದಾರಿಯಲ್ಲೇ ಹೊಳ್ಳಿ ನಮ್ಮೂರಿಗೆ ಬಂದೆ. ವ್ಯಾನಿನ ಎರಡೂ ಮಗ್ಗುಲಿಗೆ ಆಳೆತ್ತರದ ದ್ರಾಕ್ಷಿ ಗೊಂಚಲು, ಅದರ ಪಕ್ಕ ವಾಲಿದ ಒಂದು ಸೀಸೆಯ ಚಿತ್ರ. ಆ ಚಿತ್ರದ ಮೇಲಿನ ಕಿಟಕಿಯೇ ನನ್ನದಾಗಬೇಕೆ? ಸಾಲದ್ದಕ್ಕೆ ವ್ಯಾನು ಶಿಗ್ಗಾಂವದ ಹೆದ್ದಾರಿಯ ಪಕ್ಕದಲ್ಲಿ, ನಾನು ದಿನಾ ಚಹಾ ಕುಡಿಯುವ ಹೋಟೆಲಿನ ಮುಂದೆಯೇ ಚಹಾಕ್ಕೆಂದು ನಿಂತಿತು. ಸೀಟಿನ ಕೆಳಗೆ ಚಪ್ಪಲಿ ಹುಡುಕುವವನಂತೆ ಬಗ್ಗಿದೆ. ಎಷ್ಟು ಹೊತ್ತು ಹುಡುಕಲು ಸಾಧ್ಯ? ತಲೆ ಎತ್ತಿದರೆ ಹೋಟೆಲಿನ ಮಾಲೀಕ ಕಿಟಕಿಯಲ್ಲೇ ನಿಂತಿದ್ದ.

"ಸಾಹೇಬ್ರ, ಮುಂಜಾನೆ ಹುಬ್ಬಳ್ಳಿಗೆ ಹೋದ್ರಿ, ಹೊಳ್ಳಿ ಬಂದ್ರಿ. ಈಗ ಎತ್ತಾಗ ನಡದೀರಿ?"

"ಸ್ಥಳ ತನಿಖೆ ಐತಿ."

ಅವನು ಒಂದು ಹೆಜ್ಜೆ ಹಿಂದೆ ಸರಿದು ಸೀಸೆಯ ಚಿತ್ರವನ್ನು ಬುಡದಿಂದ ತುದಿಯವರೆಗೆ ಓದಿಕೊಂಡ. "ಮಾಡ್ರಿ ಮಾಡ್ರಿ," ಎಂದ, "ರಿಟೈರ್ ಆದಮ್ಯಾಲೆ ಮಾಡೂದು ಮತ್ತ ಯಾವಾಗ."

ತೋಟ ತಲುಪಿದಾಗ ಹತ್ತು ಗಂಟೆ. ಎಳೆಬಿಸಿಲು, ತಣ್ಣನೆಯ ಗಾಳಿ, ಗೆರೆ ಎಳೆದಂತೆ ಸಾಲು ಸಾಲು ಬಳ್ಳಿ. ಗೇಟಿನಲ್ಲೇ ನಿಂತು ನಮಸ್ಕಾರ ಮಾಡಿದವನೇ ಮಹಾಂತೇಶ. ಫೋಟೋದಲ್ಲಿದ್ದಷ್ಟೇ ಎತ್ತರ; ಇದನ್ನು ಮೊದಲು ದಾಖಲಿಸಿಕೊಂಡೆ. ನಡಿಗೆ ನೆಟ್ಟಗಿತ್ತು. ಕಣ್ಣು ಬೆಳ್ಳಗಿದ್ದವು. ಆದರೆ ಮುಂಜಾನೆ ಹತ್ತು ಗಂಟೆಯ ಸಾಕ್ಷ್ಯವನ್ನು ಯಾವ ಕಚೇರಿಯೂ ಪೂರ್ತಿ ನಂಬುವುದಿಲ್ಲ. ಹುಬ್ಬಳ್ಳಿಯಿಂದ ಬಂದ ಎಂಟು ಹತ್ತು ತರುಣ ತರುಣಿಯರ ಜೊತೆ ನನ್ನನ್ನೂ ಉದ್ದನೆಯ ಮೇಜಿಗೆ ಕೂರಿಸಿದರು. "ಕುಡೀಲಾರದವರು ಯಾರಾರ ಇದ್ರ ಹೇಳ್ರಿ, ಅವರಿಗೆ ಬರೇ ದ್ರಾಕ್ಷಿ ರಸ ಕೊಡ್ತೇವಿ" ಎಂದ ಮಹಾಂತೇಶ. ಇಲ್ಲಿ ಓದುಗರು ನನ್ನ ಸಂಕಟವನ್ನು ಸಹಾನುಭೂತಿಯಿಂದ ಪರಿಶೀಲಿಸಬೇಕು. ಕೈ ಎತ್ತಿದರೆ, 'ಕುಡಿಯದ ಈ ಮುದುಕ ಇಲ್ಲಿಗೇಕೆ ಬಂದ' ಎಂದು ಹುಡುಗ ಎಚ್ಚರಗೊಳ್ಳುತ್ತಾನೆ, ತನಿಖೆ ಕೆಡುತ್ತದೆ, ಶೈಲಾಳ ಮದುವೆ ಅನುಮಾನದಲ್ಲೇ ಉಳಿಯುತ್ತದೆ. ಅರವತ್ತೈದು ವರ್ಷ ಯಾವ ಸೀಸೆಯನ್ನೂ ಮುಟ್ಟದ ನಾನು ಕರ್ತವ್ಯದ ಕರೆಗೆ ಓಗೊಟ್ಟು, ಎತ್ತಬೇಕೆಂದಿದ್ದ ಕೈಯಿಂದ ತಲೆ ಕೆರೆದುಕೊಂಡೆ.

ವೈನ್ ಸವಿಯುವುದೆಂದರೆ ಕುಡಿಯುವುದಲ್ಲ ಎಂಬುದು ನನಗೆ ಅಲ್ಲಿ ತಿಳಿಯಿತು. ಗ್ಲಾಸಿನ ತಳಕ್ಕೆ ತೀರ್ಥಕ್ಕಿಂತ ತುಸು ಹೆಚ್ಚು ಸುರಿಯುತ್ತಾರೆ. ಅದನ್ನು ಗಿರಗಿರ ತಿರುಗಿಸಬೇಕು, ಮೂಗು ಒಳಗಿಟ್ಟು ಮೂಸಬೇಕು, ಬಾಯಿಗೆ ಹಾಕಿಕೊಂಡು ಬಾಯಿ ಮುಕ್ಕಳಿಸುವ ಸದ್ದು ಮಾಡಬೇಕು, ಆಮೇಲೆ ಎದುರಿಗಿಟ್ಟ ಸ್ಟೀಲಿನ ಪಾತ್ರೆಯಲ್ಲಿ ಉಗುಳಿಬಿಡಬೇಕು. ಮಹಾಂತೇಶ ಮಾಡಿ ತೋರಿಸಿದ. ಒಂದು ಹನಿ ಅಂಗಿಯ ಮೇಲೆ ಬೀಳದಂತೆ, ಸವಣೂರಿನ ವೀಳ್ಯದೆಲೆ ಮೆದ್ದು ಬೆಳೆದ ಮನೆತನದವರಿಗೆ ಮಾತ್ರ ಸಾಧ್ಯವಾಗುವ ಗುರಿಯಿಂದ ಉಗುಳಿದ. ನನ್ನ ಎದೆ ಹಗುರಾಯಿತು. ಎಲ್ಲವನ್ನೂ ಉಗುಳುವವನು ಕುಡುಕನಾಗುವುದು ಹೇಗೆ? ವರದಿಯ ಮೊದಲ ಸಾಲು ಮನಸ್ಸಿನಲ್ಲೇ ಸಿದ್ಧವಾಯಿತು.

ತೊಂದರೆ ಬಂದದ್ದು ನನ್ನ ಸರದಿಗೆ. ಬಾಯಲ್ಲಿ ವೈನಿದೆ, ಎದುರಿಗೆ ಪಾತ್ರೆಯಿದೆ, ಉಗುಳಲು ಮಾತ್ರ ಆಗುತ್ತಿಲ್ಲ. ನಾಲ್ಕು ತಾಲೂಕುಗಳ ಕಚೇರಿಯ ಗೋಡೆಗಳ ಮೇಲೆ 'ಇಲ್ಲಿ ಉಗುಳಬಾರದು' ಎಂದು ಕೆಂಪಕ್ಷರದಲ್ಲಿ ಬರೆಸಿದವನು ನಾನು. ಮೂಲೆಯಲ್ಲಿ ಎಲೆಯಡಿಕೆ ಉಗುಳಿದ ಜವಾನರನ್ನು ಅವರ ಕೈಯಿಂದಲೇ ತೊಳೆಸಿದವನು ನಾನು. ಹತ್ತು ಜನರ ಎದುರು, ಹೆಣ್ಣುಮಕ್ಕಳ ಎದುರು, ಅದೂ ಊಟದ ಮೇಜಿನ ಮೇಲೆ! ಗಂಟಲು ತಾನೇ ತೀರ್ಮಾನ ತೆಗೆದುಕೊಂಡಿತು. ನುಂಗಿದೆ. ಹುಳಿ ಮಜ್ಜಿಗೆಗೆ ಯಾರೋ ಅತ್ತರು ಹಾಕಿದ ಹಾಗಿತ್ತು.

ಅಷ್ಟಕ್ಕೇ ಮುಗಿದಿದ್ದರೆ ಸರಿ. ನಮ್ಮ ಮನೆಯಲ್ಲಿ ಊಟ ಮುಗಿದ ಮೇಲೆ ತಾಟಿಗೆ ನೀರು ಹಾಕಿ, ಬೆರಳಿನಿಂದ ತೊಳೆದು, ಆ ನೀರನ್ನೂ ಕುಡಿದೇ ಏಳಬೇಕು. ತಾಟಿಗೆ ಬಂದದ್ದು ಪ್ರಸಾದ, ಅದು ಮೋರಿಗೆ ಹೋಗಬಾರದು ಎಂದು ನಮ್ಮಪ್ಪ ಕಲಿಸಿದ್ದು. ಕೈ ತನ್ನಷ್ಟಕ್ಕೆ ತಾನೇ ಮಾಡುತ್ತದೆ. ಒಂದು ವೈನಿನಿಂದ ಇನ್ನೊಂದಕ್ಕೆ ಹೋಗುವಾಗ ಗ್ಲಾಸು ತೊಳೆದು ಚೆಲ್ಲಲೆಂದು ಮೇಜಿನ ಮೇಲೆ ನೀರಿನ ಜಗ್ಗು ಇಟ್ಟಿದ್ದರು. ನಾನು ಗ್ಲಾಸಿಗೆ ನೀರು ಹಾಕಿದೆ, ತಿರುಗಿಸಿದೆ, ತೋರುಬೆರಳಿನಿಂದ ಒಳಮೈ ಒರೆಸಿದೆ, ಗಟಗಟನೆ ಕುಡಿದೆ. ಪಕ್ಕದ ತರುಣಿ ನನ್ನ ನರೆಗೂದಲನ್ನೂ ಗಾಂಭೀರ್ಯವನ್ನೂ ನೋಡಿ ಇದು ಫ್ರಾನ್ಸಿನ ಪದ್ಧತಿ ಇರಬೇಕೆಂದು ತಾನೂ ಹಾಗೇ ಮಾಡಿದಳು. ಮೂರನೆಯ ಗ್ಲಾಸಿನ ಹೊತ್ತಿಗೆ ಇಡೀ ಮೇಜು ಗ್ಲಾಸಿನಲ್ಲಿ ಬೆರಳಾಡಿಸುತ್ತಿತ್ತು. ಮಹಾಂತೇಶ ಮಾತ್ರ ನನ್ನನ್ನೇ ನೋಡುತ್ತಿದ್ದ.

ನಾಲ್ಕನೆಯದು ಕೆಂಪು. "ಏನು ವಾಸನಿ ಬರತೈತಿ ಹೇಳ್ರಿ" ಎಂದು ಎಲ್ಲರನ್ನೂ ಕೇಳಿದ. ಒಬ್ಬರು ಪೇರಲ ಎಂದರು, ಒಬ್ಬರು ಮಲ್ಲಿಗೆ ಎಂದರು. ನಾನು ಮೂಗನ್ನು ಗ್ಲಾಸಿನಲ್ಲಿ ಬಹಳ ಹೊತ್ತು ಇಟ್ಟು, "ರೆಕಾರ್ಡ್ ರೂಮಿನ ವಾಸನಿ. ಕಟ್ಟಿಗಿ ಕಪಾಟಿನ್ಯಾಗ ಇಟ್ಟ ಹಳೇ ಕಾಗದ" ಎಂದೆ.

"ಎಕ್ದಮ್ ಖರೆ ಹೇಳಿದ್ರಿ!" ಎಂದು ಹುಡುಗ ಹಿಗ್ಗಿದ. "ಇದನ್ನ ಒಂದು ವರ್ಷ ಕಟ್ಟಿಗಿ ಪೀಪಾಯಿಯೊಳಗ ಇಟ್ಟಿದ್ವಿ. ಈ ಮಾತು ಇಲ್ಲೀತನಕ ಯಾರೂ ಹೇಳಿದ್ದಿಲ್ಲರಿ."

ಹೊಗಳಿಕೆ ವೈನಿಗಿಂತ ಬೇಗ ಏರುತ್ತದೆ. ಈ ಶುಭ ಗಳಿಗೆಯಲ್ಲಿ ಮುಖ್ಯ ಪ್ರಶ್ನೆಯನ್ನು, ಯಾರಿಗೂ ಸಂಶಯ ಬಾರದಂತೆ, ಮೇಜಿನ ಆ ತುದಿಗೂ ಕೇಳಿಸುವ ದನಿಯಲ್ಲಿ ಕೇಳಿದೆ. "ಮನ್ಯಾಗ ಕುಡೀತಿಯೇನಪಾ?"

"ಇಲ್ಲರಿ. ದಿನಾ ನಲವತ್ತು ಸಲ ಬಾಯಾಗ ಹಾಕ್ಕೊಂಡು ಉಗುಳೂದ ನನ್ನ ಕೆಲಸ. ಸಂಜೀಕ ಮನೀಗೆ ಹೋದ್ರ ನಮ್ಮವ್ವನ ಮಜ್ಜಿಗಿ ಬಿಟ್ರ ಏನೂ ಬ್ಯಾಡ ಅನಸ್ತೈತ್ರಿ."

ಐದನೆಯ ಗ್ಲಾಸಿನ ವಿವರ ನನ್ನ ದಫ್ತರದಲ್ಲಿಲ್ಲ. ಬೆಳಗಿನಿಂದ ಒಂದು ಚಹಾದ ಮೇಲಿದ್ದ ಹೊಟ್ಟೆ ತನ್ನ ಆಡಳಿತವನ್ನು ಬೇರೆಯವರಿಗೆ ಒಪ್ಪಿಸಿತ್ತು. ಆಮೇಲೆ ತಿಳಿದು ಬಂದ ಪ್ರಕಾರ, ನಾನು ಎದ್ದು ತೋಟಕ್ಕೆ ನಡೆದೆ. ದ್ರಾಕ್ಷಿ ಸಾಲುಗಳನ್ನು ಹೆಜ್ಜೆ ಹಾಕಿ ಅಳೆದೆ. ಒಂದು ಸಾಲು ಪಕ್ಕದ ಸರ್ವೆ ನಂಬರಿನಲ್ಲಿ ಅತಿಕ್ರಮಣ ಮಾಡಿದೆ ಎಂದು ಘೋಷಿಸಿ, ಆ ಬಳ್ಳಿಗಳಿಗೆ ಏಳು ದಿನಗಳ ನೋಟೀಸು ಕೊಟ್ಟೆ. ಮಹಾಂತೇಶ ಬಂದು ರಟ್ಟೆ ಹಿಡಿದಾಗ, ಗುಪ್ತ ಕಾರ್ಯದ ಪರಂಪರೆಯನ್ನೆಲ್ಲ ಗಾಳಿಗೆ ತೂರಿ, "ನನ್ನ ಹಿಡೀತಿ? ನಾ ಯಾರು ಗೊತ್ತೈತೇನು? ಹುಡುಗಿ ಸೋದರಮಾವ!" ಎಂದು ಗುಡುಗಿದೆನಂತೆ.

"ಗೊತ್ತಾತ್ರಿ ಮಾಮಾರ," ಎಂದನಂತೆ ಅವನು. "ನೀವು ಗ್ಲಾಸ್ ತೊಳದು ಕುಡದ್ರಲ್ಲ, ಆವಾಗ ನಮ್ಮ ಪೈಕಿ ಮಂದೀನ ಅಂತ ಅರ್ಧಾ ಗೊತ್ತಾಗಿತ್ತು. ಬರ್ರಿ, ಮನೀಗೆ ಬಿಟ್ಟು ಬರ್ತೇನಿ."

ಮನೆಯಲ್ಲಿ ನನ್ನ ವರದಿ ಕೇಳಲು ಅಕ್ಕ, ಶೈಲಾ ಹಾನಗಲ್ಲದಿಂದ ಬಂದು ಕುಳಿತಿದ್ದರು. ಅವರ ಮುಂದೆ ಗಾಡಿ ನಿಂತಿತು. ಅದರಿಂದ ಇಬ್ಬರು ಇಳಿದೆವು. ಒಬ್ಬ ನೆಟ್ಟಗೆ ನಿಂತಿದ್ದ. ಇನ್ನೊಬ್ಬ ಅವನಿಗೆ ಆತುಕೊಂಡಿದ್ದ. ಅಕ್ಕ ಸೆರಗು ಮೂಗಿಗೆ ಹಿಡಿದು ಮೊದಲು ಅವನನ್ನು ಮೂಸಿದಳು, ಆಮೇಲೆ ನನ್ನನ್ನು. ಪಂಚನಾಮೆ ಅಲ್ಲಿಗೇ ಮುಗಿಯಬಹುದಿತ್ತು. ಆದರೂ ಶೈಲಾ ಶಾಂತವಾಗಿ, "ಮಾಮಾ, ನೋಡಿದ್ದಷ್ಟ ಹೇಳ್ರಿ" ಎಂದಳು.

"ಹುಡುಗ ಉಗುಳತಾನ," ಎಂದೆ ನಾನು. "ಎಲ್ಲಾ ಉಗುಳತಾನ. ಒಂದು ಹನೀನೂ ಬಿಡೂದಿಲ್ಲ."

"ಮತ್ತ ನೀ?" ಎಂದಳು ಅಕ್ಕ.

"ನಾ ಹೆಂಗ ಉಗುಳ್ಲಿಬೇ? ಗ್ವಾಡಿ ಮ್ಯಾಲೆ ಬರಸಿದಾಂವ ನಾನ!" ಎಂದು ಪಡಸಾಲೆಯಲ್ಲಿ ಮಲಗಿಬಿಟ್ಟೆ.

ಮುಂದಿನದನ್ನು ಹೆಂಡತಿ ಹೇಳಿದಳು. ಇಂದಿಗೂ ದಿನಕ್ಕೊಂದು ಸಲ ಹೇಳುತ್ತಾಳೆ. ನನ್ನ ಗೊರಕೆಯ ಹಿಮ್ಮೇಳದಲ್ಲೇ ಹುಡುಗ ಹುಡುಗಿ ಒಬ್ಬರನ್ನೊಬ್ಬರು ನೋಡಿದ ಶಾಸ್ತ್ರ ಮುಗಿಯಿತಂತೆ. ಶೈಲಾ ಅವನನ್ನು ವೈನಿನ ಹುಳಿ ಎಷ್ಟಕ್ಕೆ ನಿಲ್ಲಿಸುತ್ತೀರಿ, ಯಾವ ಉಪಕರಣದಿಂದ ಅಳೆಯುತ್ತೀರಿ ಎಂದು ಕೇಳಿದಳಂತೆ. ಅರ್ಧ ತಾಸು ಇಬ್ಬರೂ ಅದನ್ನೇ ಮಾತಾಡಿದರಂತೆ. ಇದರಲ್ಲಿ ಮದುವೆಯ ಮಾತು ಎಲ್ಲಿ ಬರುತ್ತದೆ ಎಂದು ಅಕ್ಕ ಕಾದದ್ದೇ ಬಂತು. ಕೊನೆಗೆ ನನ್ನ ಹೆಂಡತಿ ಮಜ್ಜಿಗೆ ಕೊಟ್ಟಳು. ಮಹಾಂತೇಶ ಕುಡಿದು, ಲೋಟಕ್ಕೆ ಎರಡು ಗುಟುಕು ನೀರು ಹಾಕಿ, ತಿರುಗಿಸಿ, ಅದನ್ನೂ ಕುಡಿದು ಕೆಳಗಿಟ್ಟ. ಅಕ್ಕ ಮಗಳ ಮುಖ ನೋಡಿದಳು. ಮಗಳು ನಕ್ಕಳು. "ಮನೀ ಹಿರ್‍ಯಾರಿಗೆ ಬರಾಕ ಹೇಳಪಾ" ಎಂದಳಂತೆ ಅಕ್ಕ.

ಹೀಗೆ ನನ್ನ ತನಿಖೆ, ವಿಧಾನದಲ್ಲಿ ಸಣ್ಣಪುಟ್ಟ ಲೋಪಗಳಿದ್ದರೂ, ಸರಿಯಾದ ತೀರ್ಮಾನಕ್ಕೆ ಮುಟ್ಟಿತು. ಮೊನ್ನೆ ಸವಣೂರಿನಿಂದ ಹುಡುಗನ ತಾಯಿ ಹೇಳಿಕಳಿಸಿದ್ದಾರೆ. ಹುಡುಗಿ ಒಪ್ಪಿಗೆ, ಮನೆತನ ಒಪ್ಪಿಗೆ. ಒಂದೇ ಒಂದು ಅಳುಕು: ಹುಡುಗಿಯ ಸೋದರಮಾವ ವಿಪರೀತ ಕುಡಿಯುತ್ತಾನೆಂದು ಶಿಗ್ಗಾಂವದ ಹೋಟೆಲಿನವನೊಬ್ಬ ಹೇಳಿದನಂತೆ. ಆದ್ದರಿಂದ ತಮ್ಮ ಕಡೆಯ ಹಿರಿಯರೊಬ್ಬರು ಈ ವಾರದಲ್ಲಿ ಎಂದಾದರೂ ಬಂದು ನನ್ನನ್ನು ನೋಡಿಕೊಂಡು ಹೋಗುತ್ತಾರಂತೆ. ಪದ್ಧತಿಯಂತೆ, ತಾವು ಯಾರೆಂದು ಹೇಳುವುದಿಲ್ಲವಂತೆ.

ಅಂದಿನಿಂದ ಮುಂಜಾನೆಯಿಂದ ಸಂಜೆಯವರೆಗೂ ಪೂರ್ತಿ ವಿಭೂತಿ ಧರಿಸಿ, ಪಕ್ಕದಲ್ಲಿ ಮಜ್ಜಿಗೆಯ ತಂಬಿಗೆ ಇಟ್ಟುಕೊಂಡು ಕಟ್ಟೆಯ ಮೇಲೆ ಕುಳಿತಿರುತ್ತೇನೆ. ದಾರಿ ಕೇಳಲು ನಿಂತವರಿಗೆಲ್ಲ ಬಾಯಿ ತೆರೆದು ಹತ್ತಿರದಿಂದ ಮಾತಾಡುತ್ತೇನೆ. ನಿನ್ನೆ ಕರೆಂಟಿನ ಮೀಟರ್ ಓದಲು ಬಂದವನು ಅಪರಿಚಿತನಾಗಿದ್ದರಿಂದ ಅವನೆದುರು ಎರಡು ಲೋಟ ಮಜ್ಜಿಗೆ ಕುಡಿದು, ಲೋಟ ತೊಳೆದು ಆ ನೀರನ್ನೂ ಕುಡಿದು, ಅಂಗಳದಲ್ಲಿ ಗೆರೆ ಎಳೆದು ಅದರ ಮೇಲೆ ನೆಟ್ಟಗೆ ನಡೆದು ತೋರಿಸಿದೆ. ಅವನು ಮೀಟರು ನೋಡಿದ, ನನ್ನನ್ನು ನೋಡಿದ, ಏನೋ ಬರೆದುಕೊಂಡು ಹೋದ.